ನಂದಾದೇವಿ: ಒಂದೇ ಬಾಗಿಲಿನ ಶಿಖರ

ಉತ್ತರಾಖಂಡದ ಔಲಿಯ ಹುಲ್ಲುಗಾವಲಿನಲ್ಲಿ ನಿಂತು ಪೂರ್ವಕ್ಕೆ ನೋಡಿದರೆ, ಮೋಡವಿಲ್ಲದ ದಿನ ನಂದಾದೇವಿ ಬರಿಗಣ್ಣಿಗೇ ಕಾಣುತ್ತದೆ. 7816 ಮೀಟರ್ ಎತ್ತರದ ಈ ಶಿಖರ ಭಾರತದಲ್ಲಿ ಕಾಂಚನಜುಂಗಾದ ನಂತರದ್ದು. ಗಢವಾಲ, ಕುಮಾವುಂಗಳ ಜನಕ್ಕೆ ಇದು ಮನೆಮಗಳಂಥ ದೇವತೆ. ಇಷ್ಟು ಚೆನ್ನಾಗಿ ಕಾಣುವ ಬೆಟ್ಟದ ಬುಡಕ್ಕೆ 1934ರವರೆಗೆ ಒಬ್ಬ ಪರ್ವತಾರೋಹಿಗೂ ತಲುಪಲು ಆಗಿರಲಿಲ್ಲ. ಏಕೆಂದು ತಿಳಿಯಬೇಕಾದರೆ ಎತ್ತರವನ್ನು ಸ್ವಲ್ಪ ಮರೆತು ಸುತ್ತಲಿನ ನೆಲದ ಆಕಾರ ನೋಡಬೇಕು.

ನಂದಾದೇವಿಯ ಸುತ್ತ ಪರ್ವತಗಳದೇ ಒಂದು ಕೋಟೆಗೋಡೆಯಿದೆ. ಸುತ್ತಳತೆ ಸುಮಾರು 110 ಕಿಲೋಮೀಟರ್, ಸರಾಸರಿ ಎತ್ತರ ಸುಮಾರು 6000 ಮೀಟರ್. ದುನಾಗಿರಿ, ಚಂಗಬಂಗ್, ತ್ರಿಶೂಲ ಇವೆಲ್ಲ ಈ ಬಳಗದವು. 7434 ಮೀಟರ್‌ನ ನಂದಾದೇವಿ ಪೂರ್ವ ಶಿಖರ ಗೋಡೆಯ ಮೇಲೇ ಇದೆ. ಅಲ್ಲಿಂದ ಸುಮಾರು ಎರಡು ಕಿಲೋಮೀಟರ್ ಉದ್ದದ ಚೂಪು ಏಣು ಒಳಕ್ಕೆ ಚಾಚಿ ಮುಖ್ಯ ಶಿಖರವನ್ನು ಸೇರುತ್ತದೆ. ಒಳಗೆ ಶಿಖರದ ಎರಡೂ ಮಗ್ಗುಲಲ್ಲಿ ಉತ್ತರ, ದಕ್ಷಿಣ ನಂದಾದೇವಿ ಹಿಮನದಿಗಳು. ದಕ್ಷಿಣದ ಹಿಮನದಿಯಿಂದ ನೋಡಿದರೆ ನಾಲ್ಕು ಕಿಲೋಮೀಟರ್ ಚಿಲ್ಲರೆ ಅಡ್ಡದೂರದೊಳಗೇ ಬೆಟ್ಟ 3300 ಮೀಟರ್ ಎದ್ದು ನಿಲ್ಲುತ್ತದೆ. ಹಿಮಾಲಯದಲ್ಲೂ ಇಂಥ ಕಡಿದಾದ ಏರಿಕೆ ಅಪರೂಪ.

ಈ ಗೋಡೆಗೆ ಇರುವುದು ಒಂದೇ ಸೀಳು, ಪಶ್ಚಿಮದಲ್ಲಿ. ಒಳಗಿನ ಅಷ್ಟೂ ಹಿಮನದಿಗಳು ಕರಗಿದ ನೀರಿಗೆ ಬೇರೆ ದಾರಿಯಿಲ್ಲ. ಎಲ್ಲವೂ ಋಷಿಗಂಗೆಯಾಗಿ ಆ ಸೀಳಿನಲ್ಲೇ ಹೊರಬೀಳಬೇಕು. ಅಷ್ಟು ನೀರು ಅಷ್ಟು ಕಾಲ ಕೊರೆದ ಕೊರಕಲು ಹೇಗಿರಬಹುದು! ಎರಡೂ ಬದಿ ನೆಟ್ಟಗೆ ನಿಂತ ಬಂಡೆ, ತಳದಲ್ಲಿ ನದಿಗೆ ಮಾತ್ರ ಜಾಗ. ಮನುಷ್ಯ ಹೋಗುವುದಾದರೆ ನದಿಯಿಂದ ಬಹಳ ಮೇಲೆ, ಬಂಡೆಯ ಕಿರು ಅಂಚುಗಳಲ್ಲಿ ಕಾಲಿಟ್ಟು ಹೋಗಬೇಕು. 1905ರಲ್ಲಿ ಟಾಮ್ ಲಾಂಗ್‌ಸ್ಟಾಫ್ ಪೂರ್ವದ ಗೋಡೆ ಹತ್ತಿ ಒಳಗೆ ಇಣುಕಿ ನೋಡಿದ, ಇಳಿಯಲಾಗಲಿಲ್ಲ. 1934ರಲ್ಲಿ ಎರಿಕ್ ಶಿಪ್ಟನ್, ಬಿಲ್ ಟಿಲ್ಮನ್ ಮತ್ತು ಮೂವರು ಶೆರ್ಪಾಗಳು ಕೊರಕಲಿನ ಮೂಲಕವೇ ದಾರಿ ಹುಡುಕಿಕೊಂಡರು. ಆ ಮೂವರು ಆಂಗ್ ಥಾರ್ಕೆ, ಪಸಾಂಗ್, ಕುಸಾಂಗ್. ಅವರ ಹೆಸರನ್ನೂ ಹೇಳಲೇಬೇಕು. ಹೊರೆ ಹೊತ್ತು ಆ ಅಂಚುಗಳಲ್ಲಿ ಮತ್ತೆ ಮತ್ತೆ ಓಡಾಡಿದವರಲ್ಲಿ ಅವರೂ ಇದ್ದರು. ಎರಡು ವರ್ಷದ ಮೇಲೆ, 1936ರ ಆಗಸ್ಟ್ 29ರಂದು, ಟಿಲ್ಮನ್ ಮತ್ತು ನೋಯೆಲ್ ಓಡೆಲ್ ತುದಿ ಮುಟ್ಟಿದರು. 1950ರಲ್ಲಿ ಅನ್ನಪೂರ್ಣಾ ಏರುವವರೆಗೆ ಮನುಷ್ಯ ಹತ್ತಿದ ಅತಿ ಎತ್ತರದ ಶಿಖರ ಇದೇ ಆಗಿತ್ತು.

ಗೋಡೆ ತಡೆದದ್ದು ಮನುಷ್ಯರನ್ನಷ್ಟೇ ಅಲ್ಲ, ಮಳೆಯನ್ನೂ. ದಕ್ಷಿಣದಿಂದ ಬರುವ ಮುಂಗಾರಿನ ಮೋಡ ತನ್ನ ನೀರಿನ ದೊಡ್ಡ ಪಾಲನ್ನು ಹೊರಮೈಗೇ ಸುರಿದುಬಿಡುತ್ತದೆ. ಹೀಗಾಗಿ ವರ್ಷದ ಹೆಚ್ಚಿನ ಕಾಲ ಒಳಕಣಿವೆ ಒಣಗಿರುತ್ತದೆ. ಜೂನ್ ಕೊನೆಯಿಂದ ಸೆಪ್ಟೆಂಬರ್ ಮೊದಲವರೆಗೆ ಮಾತ್ರ ಜೋರು ಮಳೆ, ಮಳೆಯಿಲ್ಲದ ಹೊತ್ತಿನಲ್ಲೂ ಮಂಜು ಮತ್ತು ತಗ್ಗು ಮೋಡ. ಆ ಮಂಜಿನ ತೇವವೇ ಇಲ್ಲಿನ ಹಸಿರನ್ನು ಸಾಕುತ್ತದೆ. ಹಿಮಾಲಯದ ಬೇರೆ ಒಳಕಣಿವೆಗಳಿಗೆ ಹೋಲಿಸಿದರೆ ಇಲ್ಲಿ ಗಿಡಗಂಟಿ ದಟ್ಟ. ಚಳಿಗಾಲದ ಹಿಮ ಬರುವುದು ಬೇರೆ ದಿಕ್ಕಿನಿಂದ: ಮೆಡಿಟರೇನಿಯನ್ ಕಡೆಯಿಂದ ಹೊರಟ ಪಶ್ಚಿಮದ ಗಾಳಿ ಅದನ್ನು ತರುತ್ತದೆ. ವರ್ಷದಲ್ಲಿ ಸುಮಾರು ಆರು ತಿಂಗಳು ಕಣಿವೆ ಹಿಮದಡಿ ಮುಚ್ಚಿರುತ್ತದೆ.

ಆ ಹಿಮದ ಭಾರ ಹೇಗಿರುತ್ತದೆಂಬುದನ್ನು ಭೂರ್ಜ ಮರದಲ್ಲಿ ನೋಡಬಹುದು. ಕಾಡಿನ ಮೇಲಂಚಿನ ಮರವಿದು. ಹಿಮ ಇಳಿಜಾರಿನಲ್ಲಿ ಜಾರುತ್ತಾ ಎಳೆಯ ಗಿಡವನ್ನು ಒತ್ತುವುದರಿಂದ ಕಾಂಡ ಬುಡದಲ್ಲಿ ಕೆಳಮುಖವಾಗಿ ಬಾಗಿ, ಆಮೇಲೆ ತಿರುಗಿ ಮೇಲೆದ್ದಿರುತ್ತದೆ. ತೊಗಟೆ ಹಾಳೆಹಾಳೆಯಾಗಿ ಸುಲಿದು ಬರುತ್ತದೆ. ಹಿಂದೆ ಗ್ರಂಥ ಬರೆಯುತ್ತಿದ್ದ ಭೂರ್ಜಪತ್ರ ಇದೇ. ಅದಕ್ಕೂ ಮೇಲೆ ಜೂನಿಪರ್ ಪೊದೆ, ಆಮೇಲೆ ಹುಲ್ಲು, ಅಲ್ಲಿ ಮೇಯುವ ಭರಲ್ ಎಂಬ ಕಾಡುಕುರಿ, ಅದರ ಹಿಂದೆ ಹಿಮಚಿರತೆ.

ಇನ್ನೂ ಮೇಲೇರಿದಂತೆ ಸಾವಿರ ಮೀಟರಿಗೆ ಸುಮಾರು ಆರೂವರೆ ಡಿಗ್ರಿಯಂತೆ ಉಷ್ಣತೆ ಇಳಿಯುತ್ತದೆ. ಗಾಳಿಯೂ ತೆಳುವಾಗುತ್ತದೆ. 4500 ಮೀಟರಿನ ಬಿಡಾರದಲ್ಲಿ ನೀರು ಸುಮಾರು 85 ಡಿಗ್ರಿಗೇ ಕುದಿಯುತ್ತದೆ. ಕುಕ್ಕರ್ ಇಲ್ಲದಿದ್ದರೆ ಎಷ್ಟು ಹೊತ್ತು ಕುದಿಸಿದರೂ ಬೇಳೆ ಬೇಯುವುದು ಕಷ್ಟ. ತುದಿಯಲ್ಲಿ ಗಾಳಿಯ ಒತ್ತಡ ಸಮುದ್ರಮಟ್ಟದ ಐದರಲ್ಲಿ ಎರಡು ಪಾಲಿನಷ್ಟು ಮಾತ್ರ.

ಏರುವವರ ಸಂಖ್ಯೆ 1970ರ ದಶಕದಲ್ಲಿ ಹೆಚ್ಚಿತು. ಒಲೆಗೆ ಭೂರ್ಜವನ್ನೂ ಜೂನಿಪರನ್ನೂ ಕಡಿದರು, ಕಸ ಬಿಟ್ಟುಬಂದರು, ಕಸ್ತೂರಿಮೃಗದ ಬೇಟೆಯೂ ನಡೆಯಿತು. 1982ರಲ್ಲಿ ರಾಷ್ಟ್ರೀಯ ಉದ್ಯಾನವಾಯಿತು, 1983ರಲ್ಲಿ ಒಳಕಣಿವೆಯ ಬಾಗಿಲು ಮುಚ್ಚಿತು, 1988ರಲ್ಲಿ ವಿಶ್ವಪರಂಪರೆಯ ತಾಣವಾಯಿತು. ಕಾಡು ಚೇತರಿಸಿಕೊಂಡಿತು, ಒಳ್ಳೆಯದೇ. ಆದರೆ ಲಾತಾ, ರೇಣಿ ಊರುಗಳ ಭೋಟಿಯಾ ಜನ ತಲೆಮಾರುಗಳಿಂದ ಕುರಿ ಮೇಯಿಸಿದ ಹುಲ್ಲುಗಾವಲು, ಹೊರೆ ಹೊತ್ತು ಗಳಿಸುತ್ತಿದ್ದ ಕೂಲಿ ಎರಡನ್ನೂ ಕಳೆದುಕೊಂಡರು. 1974ರಲ್ಲಿ ಗೌರಾದೇವಿಯವರ ಮುಂದಾಳತ್ವದಲ್ಲಿ ಕಡಿಯಲು ಬಂದವರಿಂದ ಮರಗಳನ್ನು ಉಳಿಸಿಕೊಂಡದ್ದು ಇದೇ ರೇಣಿಯ ಹೆಂಗಸರು. ಕಾಡು ಕಾಯ್ದವರನ್ನೇ ಕಾಡಿನಿಂದ ಹೊರಗಿಟ್ಟದ್ದು ನ್ಯಾಯವೆಂದು ನನಗೆ ಅನ್ನಿಸುವುದಿಲ್ಲ.

ರೇಣಿ ಇರುವುದು ಋಷಿಗಂಗೆ ಧೌಲಿಗಂಗೆಯನ್ನು ಸೇರುವ ಜಾಗದ ಪಕ್ಕದಲ್ಲೇ. 2021ರ ಫೆಬ್ರುವರಿ 7ರ ಬೆಳಿಗ್ಗೆ ರೋಂಟಿ ಶಿಖರದ ಉತ್ತರದ ಮೈಯಿಂದ ಸುಮಾರು 2.7 ಕೋಟಿ ಘನಮೀಟರ್ ಬಂಡೆ ಮತ್ತು ಹಿಮ ಕಳಚಿ ಸುಮಾರು 1800 ಮೀಟರ್ ಕೆಳಗೆ ಬಿತ್ತು. ರೋಂಟಿ ಇರುವುದು ಒಳಕಣಿವೆಯ ಹೊರಗೆ, ಆದರೂ ಅದರ ಹೊಳೆಯೂ ಋಷಿಗಂಗೆಗೇ ಬಂದು ಸೇರುತ್ತದೆ. ಮಳೆಯಿಲ್ಲದ, ನದಿ ಸೊರಗಿರುವ ಚಳಿಗಾಲ ಅದು. ಬಂಡೆಗಳ ತಿಕ್ಕಾಟದ ಬಿಸಿಗೆ ಹಿಮ ಹೆಚ್ಚುಕಡಿಮೆ ಪೂರ್ತಿ ಕರಗಿ, ಕಲ್ಲುಮಣ್ಣಿನ ಪ್ರವಾಹವಾಗಿ ನುಗ್ಗಿತು. ರೇಣಿಯ ಬಳಿಯ ಜಲವಿದ್ಯುತ್ ಘಟಕ ಕೊಚ್ಚಿಹೋಯಿತು, ಕೆಳಗೆ ತಪೋವನದಲ್ಲಿ ಕಟ್ಟುತ್ತಿದ್ದ ಯೋಜನೆಯ ಸುರಂಗದಲ್ಲಿ ಕೆಸರು ತುಂಬಿತು. ಸತ್ತವರು, ಕಾಣೆಯಾದವರು ಸೇರಿ 200ಕ್ಕೂ ಹೆಚ್ಚು ಜನ. ಅವರಲ್ಲಿ ಬಹುಪಾಲು ಈ ಎರಡು ಯೋಜನೆಗಳಲ್ಲಿ ದುಡಿಯುತ್ತಿದ್ದವರು.