ಗೃಹಲಕ್ಷ್ಮಿ ಬರುವ ಮನೆಗೆ ಝಕಾತ್ ಕೊಡಬಹುದೇ?

“ಆಕೆಗೆ ಸರಕಾರವೇ ತಿಂಗಳಿಗೆ 2000 ರೂಪಾಯಿ ಕೊಡುತ್ತದಲ್ಲ, ಮತ್ತೆ ಝಕಾತ್ ಏಕೆ?” ಝಕಾತ್ ಹಂಚುವಾಗ ಈ ಮಾತು ಬರುವುದುಂಟು. ಮಾಡದಕೆರೆ ಹೋಬಳಿಯ ನಾವು ಇದನ್ನು ಸ್ವಲ್ಪ ಬಿಡಿಸಿ ನೋಡೋಣ.

ಹನಫಿ ಫಿಕ್‌ಹ್ ಪ್ರಕಾರ, ಸಾಲ ಮತ್ತು ಅಗತ್ಯಗಳು ಕಳೆದು ನಿಸಾಬ್‌ನಷ್ಟು, ಅಂದರೆ ಸುಮಾರು 612 ಗ್ರಾಂ ಬೆಳ್ಳಿಯ ಬೆಲೆಯಷ್ಟು, ಉಳಿಯದ ಬಡವರು ಝಕಾತ್‌ಗೆ ಅರ್ಹರು. ಎರಡು ಸಾವಿರ ಬಂದು ಔಷಧಿಗೆ, ಮಕ್ಕಳ ಫೀಸಿಗೆ ಹೋಗುವ ಮನೆಯಲ್ಲಿ ಆ ಅರ್ಹತೆ ಹಾಗೆಯೇ ಇರುತ್ತದೆ.

ಇನ್ನೊಂದು ಸಂಗತಿ. 2023ರ ಆಗಸ್ಟ್ 30ರಂದು ಮೈಸೂರಿನಲ್ಲಿ ಆರಂಭವಾದ ಗೃಹಲಕ್ಷ್ಮಿ ಒಂದು ಪಡಿತರ ಚೀಟಿಗೆ ಒಬ್ಬ ಯಜಮಾನಿಗೆ ಮಾತ್ರ. ಅತ್ತೆಯ ಚೀಟಿಯಲ್ಲೇ ಹೆಸರಿರುವ ವಿಧವೆ ಸೊಸೆಗೆ ಅದರಿಂದ ಒಂದು ಪೈಸೆಯೂ ಇಲ್ಲ. ಹೊರಗಿನಿಂದ ನೋಡಿದವರಿಗೆ ಮಾತ್ರ ‘ಆ ಮನೆಗೆ ಬರುತ್ತದೆ’! ಆಕೆಗಿರುವ ದಾರಿ ವಿಧವಾ ವೇತನ; ಅದಕ್ಕೆ ನಾಡಕಚೇರಿಯಲ್ಲಿ ಅರ್ಜಿ ಹಾಕಬೇಕು, ಗಂಡನ ಮರಣ ಪ್ರಮಾಣಪತ್ರ ಬೇಕು. ಇದ್ದತ್‌ನಲ್ಲಿರುವವಳು ಕಚೇರಿ ಅಲೆಯಲಿ ಎಂದು ಬಿಡದೆ ಮೈದುನನೋ ಅಣ್ಣನೋ ಆ ಪತ್ರವನ್ನಾದರೂ ತಂದಿಡಬಹುದು.

ಹಝ್ರತ್ ಉಮರ್(ರ) ಭಿಕ್ಷೆ ಬೇಡುತ್ತಿದ್ದ ಯಹೂದಿ ವೃದ್ಧನಿಗೆ ಬೈತುಲ್ ಮಾಲ್‌ನಿಂದ ವೇತನ ಗೊತ್ತುಮಾಡಿದರೆಂದು ವರದಿಯಿದೆ. ಖಜಾನೆಯಿಂದ ಬಡವರಿಗೆ ಬರುವುದು ಭಿಕ್ಷೆಯಲ್ಲ, ಹಕ್ಕು. ಹಾಗೆಂದು ಅದು ನಮ್ಮ ಝಕಾತ್‌ನ ಲೆಕ್ಕಕ್ಕೆ ಜಮೆಯಾಗುವುದೂ ಇಲ್ಲ.

ಈ ಸಲ ಪಟ್ಟಿ ಬರೆಯುವಾಗ ಮನೆಯ ಹೆಸರಿನ ಬದಲು ಮನೆಯೊಳಗಿನ ಒಬ್ಬೊಬ್ಬರ ಹೆಸರು ಬರೆಯೋಣ. ಯಾರ ಖಾತೆಗೆ ಆಧಾರ್ ಜೋಡಣೆಯಾಗಿಲ್ಲವೋ ಅದನ್ನೂ ಪಕ್ಕದಲ್ಲೇ ಗುರುತಿಸಿಕೊಳ್ಳೋಣ.