ಗೈರುಹಾಜರಿಗಾಗಿ ವಜಾ ಆದ ಅಪೀಲು: ಒಂದು ವಿವೇಚನೆ

ಸಿವಿಲ್ ಅಪೀಲಿನ ವಿಚಾರಣೆಗೆ ಕರೆ ಬಂದ ದಿನ ಅಪೀಲುದಾರನೂ ಅವನ ವಕೀಲನೂ ಹಾಜರಿಲ್ಲದಿದ್ದರೆ ನ್ಯಾಯಾಲಯವು ಏನು ಮಾಡಬಹುದು, ಏನು ಮಾಡಲಾಗದು ಎಂಬುದನ್ನು ಇಲ್ಲಿ ವಿವೇಚಿಸಲು ಉದ್ದೇಶಿಸಿದ್ದೇವೆ. ಅಪೀಲಿನ ಎಲ್ಲ ಬಗೆಯ ಸೋಲಿಗೂ ನಮ್ಮ ಜನರು ‘ವಜಾ ಆಯಿತು’ ಎಂಬ ಒಂದೇ ಮಾತನ್ನು ಬಳಸುತ್ತಾರೆ. ಕಾನೂನು ಆ ಮಾತಿನೊಳಗೆ ಎರಡು ಬೇರೆ ಸಂಗತಿಗಳನ್ನು ಕಾಣುತ್ತದೆ. ಹೊಲ ಉಳಿಯುವುದೂ ಹೋಗುವುದೂ ಅನೇಕ ವೇಳೆ ಈ ಭೇದವನ್ನು ಸಕಾಲದಲ್ಲಿ ಅರಿಯುವುದನ್ನು ಅವಲಂಬಿಸಿದೆ.

ರಾಮದುರ್ಗ ತಾಲ್ಲೂಕಿನ ಸುರೇಬಾನದ ರೈತನೊಬ್ಬನು ಹೊಲದ ಪಾಲಿನ ದಾವೆಯಲ್ಲಿ ಸೋತು ಅಪೀಲು ಹೂಡಿದ್ದಾನೆಂದು ಭಾವಿಸೋಣ. ಮೂಲ ದಾವೆ ನಡೆಯುತ್ತಿದ್ದಾಗ ಸಾಕ್ಷಿ ನುಡಿಯಲು, ಕಾಗದಪತ್ರ ಹಾಜರುಪಡಿಸಲು ಅವನು ತಾರೀಖು ತಾರೀಖಿಗೂ ರಾಮದುರ್ಗಕ್ಕೆ ಹೋಗುತ್ತಿದ್ದನು. ಅಪೀಲಿನಲ್ಲಿ ಸಾಮಾನ್ಯವಾಗಿ ಹೊಸ ಸಾಕ್ಷ್ಯವಿರುವುದಿಲ್ಲ; ವಕೀಲನ ಹಾಜರಿಯೇ ಪಕ್ಷಕಾರನ ಹಾಜರಿ. ಆದುದರಿಂದ ಅವನು ಊರಲ್ಲೇ ಉಳಿಯುತ್ತಾನೆ. ವರ್ಷಗಳು ಕಳೆಯುತ್ತವೆ, ವಕೀಲನು ವೃತ್ತಿ ಬಿಡಬಹುದು, ತೀರಿಹೋಗಲೂಬಹುದು. ಉಚ್ಚ ನ್ಯಾಯಾಲಯದ ಅಪೀಲುಗಳಲ್ಲಿ ಈ ತೊಡಕು ಇನ್ನೂ ಹಿರಿದಾಗಿದ್ದಿತು. ೨೦೦೮ರ ಜುಲೈಯಲ್ಲಿ ಧಾರವಾಡದಲ್ಲಿ ಸಂಚಾರಿ ಪೀಠ ಆರಂಭವಾಗುವವರೆಗೆ ಈ ಭಾಗದವರು ೪೦೦ ಕಿಲೋಮೀಟರಿಗೂ ಮೀರಿ ದೂರದ ಬೆಂಗಳೂರನ್ನೇ ಸೇರಬೇಕಾಗಿದ್ದಿತು. ೨೦೧೩ರ ಆಗಸ್ಟಿನಲ್ಲಿ ಆ ಪೀಠವು ಖಾಯಂ ಆಯಿತು.

೧೯೦೮ರ ಸಿವಿಲ್ ಪ್ರಕ್ರಿಯಾ ಸಂಹಿತೆಯ ೪೧ನೆಯ ಆದೇಶದ ೧೭ನೆಯ ನಿಯಮದಂತೆ, ಅಪೀಲುದಾರನು ಹಾಜರಾಗದಿದ್ದರೆ ಅಪೀಲನ್ನು ವಜಾ ಮಾಡಬಹುದು. ಮಾಡಲೇಬೇಕೆಂದಿಲ್ಲ, ಮುಂದಿನ ತಾರೀಖಿಗೆ ಹಾಕಲೂಬಹುದು. (ಹಾಜರಿಲ್ಲದವನು ಎದುರುದಾರನಾದರೆ ಏಕಪಕ್ಷೀಯ ವಿಚಾರಣೆ, ಅದು ಬೇರೆ ವಿಷಯ.) ಆದರೆ ಇಂಥ ವಜಾ ಯಾವ ಸ್ವರೂಪದ್ದೆಂಬುದನ್ನು ಮೂಲ ನಿಯಮವು ಬಿಡಿಸಿ ಹೇಳಿರಲಿಲ್ಲ. ವಾದಿಸುವವರಿಲ್ಲದಿದ್ದರೂ ಕಡತವನ್ನೋದಿ ಗುಣದೋಷಗಳ ಮೇಲೆ ತೀರ್ಪು ಕೊಡಬಹುದೆಂಬ ಅಭಿಪ್ರಾಯವೂ ಕೆಲವೆಡೆ ಇದ್ದಿತು. ೧೯೭೬ರ ತಿದ್ದುಪಡಿಯು ಈ ನಿಯಮಕ್ಕೆ ಒಂದು ವಿವರಣೆಯನ್ನು ಸೇರಿಸಿ, ಗುಣದೋಷಗಳ ಮೇಲೆ ವಜಾ ಮಾಡುವ ಅಧಿಕಾರ ಇದರಿಂದ ದೊರೆಯುವುದಿಲ್ಲವೆಂದು ಸ್ಪಷ್ಟಪಡಿಸಿತು. ಅಬ್ದುರ್ ರಹಮಾನ್ ವಿರುದ್ಧ ಅತೀಫಾ ಬೇಗಂ ಪ್ರಕರಣದಲ್ಲಿ (೧೯೯೬) ಸರ್ವೋಚ್ಚ ನ್ಯಾಯಾಲಯವು ಇದನ್ನೇ ಎತ್ತಿಹಿಡಿಯಿತು.

ಕಡತವನ್ನು ಓದಿ ಬರೆದ ತೀರ್ಪು ಬರಿಯ ವಜಾ ಆದೇಶಕ್ಕಿಂತ ನ್ಯಾಯವಾದುದೆಂದು ಮೇಲ್ನೋಟಕ್ಕೆ ತೋರಬಹುದು. ಪರಿಣಾಮವನ್ನು ನೋಡಿದರೆ ಅದೇ ಹೆಚ್ಚು ಕಠಿಣವಾದುದು. ಗುಣದೋಷಗಳ ಮೇಲೆ ಸೋತವನಿಗೆ ೧೦೦ನೆಯ ಪ್ರಕರಣದ ಎರಡನೆಯ ಅಪೀಲೊಂದೇ ಉಳಿಯುತ್ತದೆ. ಅದಕ್ಕೆ ಮಹತ್ತ್ವದ ಕಾನೂನು ಪ್ರಶ್ನೆ ಇರಲೇಬೇಕು. ಹೊಲ ಯಾರ ವಹಿವಾಟಿನಲ್ಲಿತ್ತು ಎಂಬಂಥ ಸಂಗತಿಯ ಪ್ರಶ್ನೆಗೆ ಅಲ್ಲಿ ಸಾಮಾನ್ಯವಾಗಿ ಎಡೆಯಿಲ್ಲ. ಗೈರುಹಾಜರಿಗಾಗಿ ಆದ ವಜಾ ಆದೇಶವಾದರೋ ಡಿಕ್ರಿಯೇ ಅಲ್ಲ. ಸಾಕಷ್ಟು ಕಾರಣ ತೋರಿಸಿದರೆ ೧೯ನೆಯ ನಿಯಮದಂತೆ ಅದೇ ನ್ಯಾಯಾಲಯವು ಅಪೀಲನ್ನು ಪುನಃ ದಾಖಲು ಮಾಡಿಕೊಳ್ಳುತ್ತದೆ. ನಿರಾಕರಿಸಿದರೆ ಆ ಆದೇಶದ ಮೇಲೆ ಅಪೀಲಿಗೆ ಅವಕಾಶವಿದೆ.

ಇದಕ್ಕಿರುವ ಅವಧಿ ೩೦ ದಿನ. ೧೯೬೩ರ ಕಾಲಮಿತಿ ಕಾಯಿದೆಯ ೧೨೨ನೆಯ ಅನುಚ್ಛೇದದಂತೆ ಅದು ವಜಾ ಆದ ದಿನದಿಂದ ಎಣಿಕೆಯಾಗುತ್ತದೆ, ಪಕ್ಷಕಾರನಿಗೆ ತಿಳಿದ ದಿನದಿಂದಲ್ಲ. ನಿಯಮದ ಕಠೋರ ಭಾಗ ಇದೇ ಎಂದು ನಮ್ಮ ಅಭಿಪ್ರಾಯ. ಎದುರುದಾರನು ಡಿಕ್ರಿಯ ಅಮಲಿಗಾಗಿ ಬೇಲಿಫನೊಡನೆ ಹೊಲಕ್ಕೆ ಬಂದಾಗಲೇ ಎಷ್ಟೋ ಮಂದಿಗೆ ಸುದ್ದಿ ತಿಳಿಯುತ್ತದೆ. ಆಗ ೫ನೆಯ ಪ್ರಕರಣದಂತೆ ವಿಳಂಬವನ್ನು ಮನ್ನಿಸಲು ಬೇಡಬೇಕಾಗುತ್ತದೆ.

ವಕೀಲನ ತಪ್ಪಿಗೆ ಪಕ್ಷಕಾರನು ದಂಡ ತೆರಬೇಕೇ? ರಫೀಕ್ ವಿರುದ್ಧ ಮುನ್ಷಿಲಾಲ್ ಪ್ರಕರಣದಲ್ಲಿ (೧೯೮೧) ಸರ್ವೋಚ್ಚ ನ್ಯಾಯಾಲಯವು ಕೂಡದೆಂದಿತು. ವಕೀಲನನ್ನು ನೇಮಿಸಿ ಶುಲ್ಕ ಕೊಟ್ಟ ಹಳ್ಳಿಗನು ಅವನನ್ನು ಕಾಯುತ್ತ ಕೂರಬೇಕಿಲ್ಲವೆಂದು ತಿಳಿಸಿ, ೨೦೦ ರೂಪಾಯಿ ಖರ್ಚನ್ನು ಗೈರುಹಾಜರಾದ ವಕೀಲರಿಂದಲೇ ವಸೂಲು ಮಾಡಲು ಆದೇಶಿಸಿತು. ಆದರೆ ಸಲಿಲ್ ದತ್ತ ಪ್ರಕರಣದಲ್ಲಿ (೧೯೯೩) ಇದು ಎಲ್ಲರಿಗೂ ಸಲ್ಲುವ ರಕ್ಷೆಯಲ್ಲವೆಂದು ಅದೇ ನ್ಯಾಯಾಲಯವು ಎಚ್ಚರಿಸಿತು. ಪಕ್ಷಕಾರನು ತನ್ನ ಅಪೀಲನ್ನು ವಿಚಾರಿಸುತ್ತಿದ್ದನೆಂಬುದಕ್ಕೆ ಏನಾದರೂ ಆಧಾರವಿರಬೇಕು. ವಕೀಲರಿಗೆ ಬರೆದ ಕಾಗದದ ಪ್ರತಿಯಾಗಲಿ, ಶುಲ್ಕದ ರಸೀದಿಯಾಗಲಿ ಇಲ್ಲಿ ನೆರವಿಗೆ ಬರುತ್ತದೆ. ಪ್ರತಿ ಪ್ರಕರಣಕ್ಕೂ ೧೬ ಅಕ್ಷರಾಂಕಗಳ ಸಿ.ಎನ್.ಆರ್. ಸಂಖ್ಯೆಯಿದ್ದು, ಅದರಿಂದ ಮುಂದಿನ ತಾರೀಖನ್ನು ಇ-ಕೋರ್ಟ್ಸ್ ವ್ಯವಸ್ಥೆಯ ಮೂಲಕ ಸುರೇಬಾನದಲ್ಲಿದ್ದುಕೊಂಡೇ ನೋಡಬಹುದು. ಅಪೀಲು ಹೂಡಿದೊಡನೆ ಆ ಸಂಖ್ಯೆಯನ್ನು ವಕೀಲರಿಂದ ಬರೆಯಿಸಿಕೊಳ್ಳುವುದು ಒಳ್ಳೆಯದು.