ಒಡೆತನವನ್ನು ಅಲ್ಲಗಳೆಯುವ ಬಾಡಿಗೆದಾರ

ಮಲ್ಲತ್ತಹಳ್ಳಿಯಲ್ಲಿ ಮನೆಯೊಂದನ್ನು ಬಾಡಿಗೆಗೆ ಹಿಡಿದವನು, ತೆರವು ಮಾಡೆಂದಾಗ, "ಈ ಮನೆ ನಿಮ್ಮದೇ ಅಲ್ಲ" ಎಂದನೆಂದು ಭಾವಿಸೋಣ. ಯಾರಿಂದ ಬೀಗದ ಕೈ ಪಡೆದನೋ ಅವರಿಗೆ ಅಂದು ಒಡೆತನವಿರಲಿಲ್ಲವೆಂದು ಅವನು ವಾದಿಸುವಂತಿಲ್ಲ. 1872ರ ಸಾಕ್ಷ್ಯ ಶಾಸನದ 116ನೆಯ ಪ್ರಕರಣದ ಈ ತತ್ತ್ವವನ್ನು, 2024ರ ಜುಲೈಯಲ್ಲಿ ಜಾರಿಗೆ ಬಂದ ಭಾರತೀಯ ಸಾಕ್ಷ್ಯ ಅಧಿನಿಯಮದ 122ನೆಯ ಪ್ರಕರಣವೂ ಉಳಿಸಿಕೊಂಡಿದೆ.

ಆದರೆ ಅವನು ಬಾಡಿಗೆಯ ಸಂಬಂಧವನ್ನೇ ಇಲ್ಲವೆಂದರೆ? 1999ರ ಕರ್ನಾಟಕ ಬಾಡಿಗೆ ಶಾಸನವು ಅನ್ವಯಿಸುವಲ್ಲಿ, ಅದರ 43ನೆಯ ಪ್ರಕರಣದಂತೆ, ಕರಾರುಪತ್ರವನ್ನೋ, ಅದಿಲ್ಲದಿದ್ದರೆ ಬಾಡಿಗೆಯ ರಸೀತಿಯನ್ನೋ ನ್ಯಾಯಾಲಯವು ಮೇಲ್ನೋಟದ ಸಾಕ್ಷ್ಯವೆಂದು ಸ್ವೀಕರಿಸಬಹುದು. ಬರಿಯ ಬಾಯಿಮಾತಿನ ಕರಾರಾಗಿ, ರಸೀತಿಯೂ ಇಲ್ಲವಾದರೆ, ವಿಚಾರಣೆಯು ಅಲ್ಲಿಗೇ ನಿಂತು, ಹಕ್ಕು ಸ್ಥಾಪನೆಗಾಗಿ ಸಿವಿಲ್ ನ್ಯಾಯಾಲಯಕ್ಕೆ ಹೋಗಬೇಕಾಗುತ್ತದೆ.

ಆದುದರಿಂದ ಸ್ನೇಹದ ದಾಕ್ಷಿಣ್ಯಕ್ಕೆ ನಾವು ಕಾಗದವನ್ನು ಬಿಡಬಾರದು. ಮನೆಯನ್ನು ಮರಳಿ ಪಡೆಯುವ ದಾರಿಯು, ಅದನ್ನು ಕೊಡುವ ದಿನದ ಬರೆಹದಲ್ಲಿಯೇ ಆರಂಭವಾಗುತ್ತದೆ.